ಐದಡಿ ಏಳಿಂಚಿನವನಿಗೆ ಸ್ಮಾಲ್ ಸೈಕಲ್ ಫ್ರೇಮ್: ನನ್ನ ಅನುಭವ

ನನ್ನ ಎತ್ತರ 5 ಅಡಿ 7 ಇಂಚು. ಹೆಚ್ಚಿನ ಚಾರ್ಟ್‌ಗಳ ಪ್ರಕಾರ ನನಗೆ ಮೀಡಿಯಂ ಸೈಜಿನ ಸೈಕಲ್, ಅಂದರೆ 54 ಸೆಂ.ಮೀ. ಫ್ರೇಮ್. ನಾನು ಓಡಿಸುತ್ತಿರುವುದು ಸ್ಮಾಲ್. ತಂದ ಹೊಸದರಲ್ಲಿ ಮೈಸೂರಿನ ನಮ್ಮ ಸೈಕಲ್ ಗುಂಪಿನವರು "ಮಗನಿಗೆ ತಂದ್ರಾ ಸಾರ್?" ಅಂತ ಕೇಳಿದ್ದರು. ಈಗ 200 ಕಿ.ಮೀ. ಬ್ರೆವೆ (ನಿಗದಿತ ಸಮಯದೊಳಗೆ ಮುಗಿಸಬೇಕಾದ ದೂರದ ಸವಾರಿ) ಮುಗಿಸಿ ಇಳಿದರೂ ನನ್ನ ಕುತ್ತಿಗೆ ಹಿಡಿಯುವುದಿಲ್ಲ, ಬೆರಳು ಜೋಮು ಹಿಡಿಯುವುದಿಲ್ಲ. ಕೇಳಿದವರಲ್ಲೇ ಇಬ್ಬರು ಮೊನ್ನೆ ಟೇಪ್ ತಂದು ನನ್ನ ಸೈಕಲ್ ಅಳೆದುಕೊಂಡು ಹೋದರು. ಅದಕ್ಕೇ ಎಲ್ಲವನ್ನೂ ಒಂದು ಕಡೆ ಬರೆದಿಡುತ್ತಿದ್ದೇನೆ.

ನನ್ನ ಇನ್‌ಸೀಮ್ (ತೊಡೆಸಂದಿಯಿಂದ ನೆಲದವರೆಗಿನ ಅಳತೆ) 81 ಸೆಂ.ಮೀ. ಆಸುಪಾಸು. ಕಾಲು ಉದ್ದ, ಸೊಂಟದಿಂದ ಮೇಲೆ ಗಿಡ್ಡ. ಗೋಡೆಗೆ ಒರಗಿ ನಿಂತು, ತೊಡೆಸಂದಿಗೆ ಪುಸ್ತಕ ಇಟ್ಟು ಅಳೆಯುವುದು. ಆದರೆ ಪುಸ್ತಕವನ್ನು ಸೀಟಿನಷ್ಟೇ ಗಟ್ಟಿಯಾಗಿ ಮೇಲಕ್ಕೆ ಒತ್ತಬೇಕು. ಸುಮ್ನೆ ತಾಗಿಸಿ ಹಿಡಿದರೆ ಸಲೀಸಾಗಿ ಒಂದು ಸೆಂ.ಮೀ. ತಪ್ಪುತ್ತದೆ.

ಮೊದಲು ಕೊಂಡದ್ದು ಮೀಡಿಯಂ, ಅರವತ್ತು ಸಾವಿರದ ಮೇಲೆ ಬಿತ್ತು. ಅಂಗಡಿಯವರು ಫ್ರೇಮಿನ ಮೇಲಿನ ಬಾರ್‌ನ ಎರಡೂ ಕಡೆ ಕಾಲಿಟ್ಟು ನಿಲ್ಲಿಸಿ "ಗ್ಯಾಪ್ ಚೆನ್ನಾಗಿದೆ ಸಾರ್, ಕರೆಕ್ಟ್ ಸೈಜು" ಅಂದರು. ಕಾಲು ಉದ್ದ ಇದ್ದವನಿಗೆ ಗ್ಯಾಪ್ ಇದ್ದೇ ಇರುತ್ತದೆ! ಹ್ಯಾಂಡಲ್ ಎಷ್ಟು ದೂರ ಅನ್ನುವುದನ್ನು ಅದು ಹೇಳುವುದೇ ಇಲ್ಲ. ನಂಜನಗೂಡು ದಾಟುವಷ್ಟರಲ್ಲಿ ಭುಜ ಉರಿಯುತ್ತಿತ್ತು. ಸೀಟು ಮುಂದಕ್ಕೆ ತಳ್ಳಿದೆ, ಭಾರವೆಲ್ಲ ಅಂಗೈ ಮೇಲೆ ಬಿತ್ತು, ಮಂಡಿಯ ಮುಂಭಾಗ ನೋಯತೊಡಗಿತು. ಆರು ಸಾವಿರ ಕೊಟ್ಟು, ಮೈಗೆ ತಕ್ಕಂತೆ ಸೈಕಲ್ ಹೊಂದಿಸುವ ಫಿಟ್ಟಿಂಗ್ ಮಾಡಿಸಿದೆ. ಹೊಟ್ಟೆ, ಬೆನ್ನಿನ ವ್ಯಾಯಾಮ ಮಾಡಿ, ಅಭ್ಯಾಸ ಆಗುತ್ತೆ ಅಂದರು. ಮಾಡಿದೆ. ಮೈ ಗಟ್ಟಿಯಾಯಿತು, ಭುಜದ ಉರಿ ಹಾಗೇ ಇತ್ತು.

ದಾರಿ ತೋರಿಸಿದ್ದು 60 ಮಿ.ಮೀ. ಸ್ಟೆಮ್, ಅಂದರೆ ಹ್ಯಾಂಡಲನ್ನು ಸೈಕಲ್ಲಿಗೆ ಜೋಡಿಸುವ ತುಂಡು. ಇದ್ದ 100 ತೆಗೆದು ಅದನ್ನು ಹಾಕಿದ ದಿನವೇ ಭುಜ ಹಗುರಾಯಿತು. ಆದರೆ ಚಾಮುಂಡಿ ಬೆಟ್ಟ ಇಳಿಯುವಾಗ ಹ್ಯಾಂಡಲ್ ಚಂಚಲ. ಸ್ವಲ್ಪ ಅಲುಗಿದರೂ ಚಕ್ರ ಪಕ್ಕಕ್ಕೆ ಎಳೆಯುತ್ತಿತ್ತು, ತಿರುವಿನಲ್ಲಿ ಬ್ರೇಕ್ ಬಿಡಲು ಧೈರ್ಯ ಬರುತ್ತಿರಲಿಲ್ಲ. ಮೈಗೆ ಬೇಕಾದ ದೂರ ಗೊತ್ತಾಯಿತು, ಅದನ್ನು ಕೊಡಬೇಕಾದದ್ದು ಸ್ಟೆಮ್ ಅಲ್ಲ, ಫ್ರೇಮ್ ಅನ್ನುವುದೂ ಗೊತ್ತಾಯಿತು. ಸೀಟು ಏರಿಸಬಹುದು, ಇಳಿಸಬಹುದು. ಫ್ರೇಮಿನ ಉದ್ದವನ್ನು ಗಿಡ್ಡ ಮಾಡಲು ಆಗುವುದಿಲ್ಲ.

ಇನ್ನೊಂದು ಫ್ರೇಮ್‌ಗೆ ದುಡ್ಡು ಹಾಕುವ ಮುಂಚೆ ಅಳತೆಗಳನ್ನು ಹಾಕಿ ನೋಡಲು ಗುಜರಿಯಿಂದ ಒಂದು ಹಳೇ ಹೈಬ್ರಿಡ್ ಸೈಕಲ್ ತಂದೆ, ಸಾವಿರದ ಇನ್ನೂರೋ ಮುನ್ನೂರೋ. ಅದಕ್ಕೆ ಓರೆ ಬದಲಿಸಬಹುದಾದ ಸ್ಟೆಮ್, ಹಳೇ ಡ್ರಾಪ್ ಹ್ಯಾಂಡಲ್ (ಕೆಳಕ್ಕೆ ಬಾಗಿದ್ದು), ಉದ್ದದ ಸೀಟ್ ಪೋಸ್ಟ್ (ಸೀಟು ಹೊರುವ ಕೊಳವೆ). ಬ್ರೇಕ್ ಕೆಲಸ ಮಾಡಬೇಕಿಲ್ಲ, ಹಿಡಿಯಲು ಹುಡ್ (ಬ್ರೇಕ್ ಲಿವರ್‌ನ ಮೇಲ್ಭಾಗ) ಇದ್ದರೆ ಸಾಕು, ಯಾಕೆಂದರೆ ಸೈಕಲ್ ಟ್ರೈನರ್ ಮೇಲೇ, ಅಂದರೆ ನಿಂತಲ್ಲೇ ತುಳಿಯುವ ಸ್ಟ್ಯಾಂಡ್ ಮೇಲೇ ಇರುತ್ತದೆ. ಎಲ್ಲ ಸೇರಿ ಮೂರು ಸಾವಿರ ದಾಟಲಿಲ್ಲ. ಫ್ಯಾನ್ ಹಾಕಿಕೊಂಡು ಪ್ರತಿ ಸಲ ಮುಕ್ಕಾಲು ಗಂಟೆ ತುಳಿಯುವುದು, ಒಂದು ಸಲಕ್ಕೆ ಒಂದೇ ಅಳತೆ ಬದಲಿಸುವುದು. ಹತ್ತು ನಿಮಿಷ ತುಳಿದು ನಿರ್ಧರಿಸಬೇಡಿ, ಹತ್ತು ನಿಮಿಷಕ್ಕೆ ಎಲ್ಲ ಸೈಕಲ್ಲೂ ಚೆನ್ನಾಗಿಯೇ ಇರುತ್ತದೆ.

ಸೀಟಿನ ಎತ್ತರಕ್ಕೆ ರೇಸರ್ ಗ್ರೆಗ್ ಲೆಮಾಂಡ್ ಹೆಸರಿನ ಲೆಕ್ಕ ಹಾಕಿದರೆ ಇನ್‌ಸೀಮ್ 81 ಗುಣಿಸು 0.883, ಅಂದರೆ ಬಿ.ಬಿ. (ಪೆಡಲ್ ತೋಳುಗಳು ತಿರುಗುವ ಅಚ್ಚು) ನಡುವಿನಿಂದ 71.5 ಸೆಂ.ಮೀ. ಇನ್‌ಸೀಮಿನ 109 ಪರ್ಸೆಂಟ್ ಅನ್ನುವ ಲೆಕ್ಕ ಪೆಡಲ್‌ನಿಂದ 88.3 ಕೊಡುತ್ತದೆ. 170 ಮಿ.ಮೀ. ಕ್ರ್ಯಾಂಕ್ (ಪೆಡಲಿನ ತೋಳು) ಕಳೆದರೆ 71.3. ಎರಡೂ ಹೆಚ್ಚುಕಡಿಮೆ ಒಂದೇ. ಆದರೆ ಹೆಂಡತಿ ಹಿಂದಿನಿಂದ ಫೋನಿನಲ್ಲಿ ವಿಡಿಯೋ ಹಿಡಿದಾಗ 71.5ರಲ್ಲಿ ನನ್ನ ಸೊಂಟ ಎಡಕ್ಕೂ ಬಲಕ್ಕೂ ವಾಲುತ್ತಿತ್ತು. 71ಕ್ಕಿಂತ ಕೂದಲೆಳೆ ಕೆಳಗೆ ಇಳಿಸಿದಾಗ ನಿಂತಿತು. ತೊಡೆಯ ಹಿಂಭಾಗ ಬಿಗಿ ಇರುವವರಿಗೆ ಹೀಗಾಗುತ್ತದೆ. ಲೆಕ್ಕ ಬಿಟ್ಟು ವಿಡಿಯೋ ನಂಬಿ.

ಸೀಟನ್ನು ಹಿಂದೆ ಮುಂದೆ ಮಾಡಲು ಗಾರೆ ಕೆಲಸದವರ ತೂಗುಗುಂಡನ್ನು ಮಂಡಿಯಿಂದ ಇಳಿಬಿಟ್ಟು, ಅದು ಪೆಡಲ್ ನಡುವಿನ ನೇರಕ್ಕೆ ಬರುವಂತೆ ಶುರು ಮಾಡಿದೆ. ಅದು ಬರೀ ಶುರು ಮಾಡಲು ಅಷ್ಟೇ. ಸೈಕಲ್ ತಯಾರಕ ಕೀತ್ ಬಾಂಟ್ರೇಗರ್ ಅದನ್ನು ಯಾವತ್ತೋ ತಳ್ಳಿಹಾಕಿದ್ದಾರೆ. ಟ್ರೈನರ್ ಮೇಲೆ ತುಳಿಯುತ್ತಲೇ ಹ್ಯಾಂಡಲ್‌ನಿಂದ ಎರಡೂ ಕೈ ಒಂದು ಕ್ಷಣ ಎತ್ತಿ ನೋಡಿ. ಮುಂದಕ್ಕೆ ಕುಸಿದುಬಿದ್ದರೆ ಸೀಟು ಇನ್ನೂ ಹಿಂದೆ ಹೋಗಬೇಕು. ಸೀಟಿನ ಮೂತಿಯ ಓರೆ ಎಷ್ಟು ಇಡುತ್ತೇನೆ, ಅದನ್ನು ಹೇಗೆ ಅಳೆಯುತ್ತೇನೆ ಅನ್ನುವುದು ಮಾತ್ರ ನನ್ನ ಹತ್ತಿರವೇ ಇರಲಿ, ಕಷ್ಟಪಟ್ಟು ಕಂಡುಕೊಂಡದ್ದು.

ಕೊನೆಗೆ ಸೀಟಿನ ಮೂತಿಯಿಂದ ಹ್ಯಾಂಡಲ್ ನಡುವಿಗೆ 50 ಚಿಲ್ಲರೆ ಸೆಂ.ಮೀ. ಬಂತು. ಮೀಡಿಯಂನಲ್ಲಿ ಈ ದೂರ 54 ಇತ್ತು. ಆಮೇಲೆ ಫ್ರೇಮ್ ಹುಡುಕುವುದು ಸುಲಭ. ಸೈಜಿನ ಅಕ್ಷರ ನೋಡದೆ ಸ್ಟ್ಯಾಕ್ ಮತ್ತು ರೀಚ್ (ಬಿ.ಬಿ.ಯಿಂದ ಫ್ರೇಮಿನ ಮುಂದಿನ ಕೊಳವೆಯ ತುದಿಗೆ ಇರುವ ಎತ್ತರ ಮತ್ತು ಅಡ್ಡ ದೂರ) ಮಾತ್ರ ನೋಡಿದೆ. ಎಂಡ್ಯೂರೆನ್ಸ್ (ದೂರದ ಸವಾರಿಯ) ಮಾದರಿಯ ಸ್ಮಾಲ್‌ನಲ್ಲಿ ರೀಚ್ ಒಂದೂವರೆ ಸೆಂ.ಮೀ. ಕಡಿಮೆ. ಅದಕ್ಕೆ 80ರ ಸ್ಟೆಮ್ ಹಾಕಿದರೆ ಅಳತೆ ಕೂತಿತು, ಇಳಿಜಾರಿನಲ್ಲಿ ಹ್ಯಾಂಡಲ್ಲೂ ನೆಟ್ಟಗಿದೆ. ಸ್ಮಾಲ್‌ನಲ್ಲಿ ಹ್ಯಾಂಡಲ್ ತಗ್ಗುತ್ತೆ ಅಲ್ವಾ ಅಂತ ಕೇಳುತ್ತೀರಿ. ತಗ್ಗುತ್ತದೆ. ಅದಕ್ಕೇ ಕೊಳ್ಳುವಾಗಲೇ ಸ್ಟೀರರ್ (ಸ್ಟೆಮ್ ಕೂರುವ ಕೊಳವೆ) ಕತ್ತರಿಸಬೇಡಿ ಅಂತ ಹಟ ಹಿಡಿದು, ಸ್ಟೆಮ್ ಅಡಿಯ ಸ್ಪೇಸರ್ ಬಳೆಗಳನ್ನು ಪೂರ್ತಿ ಉಳಿಸಿಕೊಂಡು, ಸ್ಟೆಮ್ ಮೇಲ್ಮುಖವಾಗಿ ತಿರುಗಿಸಿ ಹಾಕಿಸಿದೆ. ತಿರುಗಿಸಿದ್ದಕ್ಕೇ ಒಂದೂವರೆ ಸೆಂ.ಮೀ. ಎತ್ತರ ಸಿಕ್ಕಿತು. ಸೀಟ್ ಪೋಸ್ಟ್ ತುಂಬಾ ಹೊರಗೆ ಕಾಣುತ್ತದೆ, ಕಾಣಲಿ. ಅದರ ಮೇಲಿನ ಮಿನಿಮಮ್ ಗೆರೆ ಫ್ರೇಮಿನ ಒಳಗಿದ್ದರೆ ಆಯಿತು.

ಮೀಡಿಯಂ ಮಾರಿದಾಗ ಇಪ್ಪತ್ತು ಸಾವಿರ ನಷ್ಟವಾಯಿತು. ಸ್ಟೆಮ್, ಸೀಟು, ಫಿಟ್ಟಿಂಗ್ ಅಂತ ಇನ್ನೊಂದು ಹನ್ನೆರಡು ಹದಿಮೂರು ಸಾವಿರ.

ನಡುವೆ ಅಪ್ಪನ 24 ಇಂಚಿನ ಕರೀ ಸೈಕಲ್ಲನ್ನೂ ಅಳೆದೆ. ಚಿಕ್ಕವನಿದ್ದಾಗ ಒಳಪೆಡಲ್ ಹೊಡೆದು ಕಲಿತದ್ದು ಅದರಲ್ಲೇ. ಬಾರ್ ನನಗೆ ಈಗಲೂ ಎತ್ತರ, ಆದರೆ ಹಿಡಿ ಹಿಂದಕ್ಕೆ ಬಾಗಿರುವುದರಿಂದ ಕೈಗೆ ಸಲೀಸು. ಹಾಲಿನವರು ಅಂಥದ್ದರ ಮೇಲೆ ದಿನಗಟ್ಟಲೆ ಕೂತಿರುತ್ತಿದ್ದದ್ದು ಸುಮ್ನೆ ಅಲ್ಲ. ಸೀಟಿನ ಅಗಲಕ್ಕೆ ರಟ್ಟಿನ ಪೆಟ್ಟಿಗೆಯ ತುಂಡನ್ನು ಕಲ್ಲಿನ ಜಗಲಿ ಮೇಲೆ ಹಾಕಿ ಕೂತು, ಬಿದ್ದ ಎರಡು ಗುಳಿಗಳ ನಡುವೆ ಅಳೆದೆ. 11 ಸೆಂ.ಮೀ. ಹತ್ತಿರ. ಅದಕ್ಕೆ ಎರಡು, ಎರಡೂವರೆ ಸೇರಿಸಿ ಸೀಟು ಕೊಂಡೆ, ಸರಿಯಾಯಿತು.

ಈಗ 165ರ ಕ್ರ್ಯಾಂಕ್ ಹಾಕಿ ನೋಡುತ್ತಿದ್ದೇನೆ. ಕ್ರ್ಯಾಂಕ್ ಗಿಡ್ಡ ಮಾಡಿದಷ್ಟೂ ಸೀಟು ಏರಿಸಬೇಕು, ಇದನ್ನು ಮರೆಯುವವರೇ ಜಾಸ್ತಿ. 60, 90, 100ರ ಸ್ಟೆಮ್‌ಗಳು ನನ್ನ ಬಳಿ ಖಾಲಿ ಬಿದ್ದಿವೆ. ಮೈಸೂರಿನವರು ಕೊಳ್ಳುವ ಮುಂಚೆ ತೆಗೆದುಕೊಂಡು ಹೋಗಿ ಹಾಕಿ ನೋಡಿ, ಎರಡು ವಾರದಲ್ಲಿ ವಾಪಸ್ ತಂದುಕೊಟ್ಟರೆ ಸಾಕು.