ಜೂಬಿಲಿ ಕಟ್ಟಡದ ಚರಿತ್ರೆಗೆ ಮೊಹರುಗಳೇ ಸಾಕ್ಷಿ: ನನ್ನ ಅನುಭವ

ಮೈಸೂರಿನ ಜೂಬಿಲಿ ಕಟ್ಟಡದ ಚರಿತ್ರೆಯನ್ನು ಅಲ್ಲಿಂದ ಹೊರಟ ಪುಸ್ತಕಗಳಿಂದಲೇ ಬರೆಯುತ್ತೇನೆಂದು ಹೇಳಿದಾಗ ನಮ್ಮ ಬಳಗದ ಹಿರಿಯರು ಒಪ್ಪಲಿಲ್ಲ. ಕಡತವಿಲ್ಲದೆ, ನಕ್ಷೆಯಿಲ್ಲದೆ ಕಟ್ಟಡದ ಕಥೆ ನಿಲ್ಲದು ಎಂಬುದು ಅವರ ವಾದ. ಈಗ ನನ್ನ ಕಾಲಾನುಕ್ರಮದ ಪಟ್ಟಿ ಅವರ ಕೈಯಲ್ಲಿದೆ. ಅದರ ಒಂದು ಸಾಲನ್ನೂ ಯಾರೂ ತಿದ್ದಿಲ್ಲ.

ಆರಂಭ ಎಲ್ಲರಿಗೂ ಗೊತ್ತು. ವಿಕ್ಟೋರಿಯಾ ರಾಣಿಯ ಆಳ್ವಿಕೆಯ ಸುವರ್ಣ ಮಹೋತ್ಸವದ ನೆನಪಿಗೆ 1887ರಲ್ಲಿ ಅಡಿಗಲ್ಲು, ಚಾಮರಾಜೇಂದ್ರ ಒಡೆಯರ ಕಾಲದಲ್ಲಿ 1891ರಲ್ಲಿ ಓರಿಯಂಟಲ್ ಲೈಬ್ರರಿ. ಇಂದು ಅಲ್ಲಿರುವುದು ಪ್ರಾಚ್ಯವಿದ್ಯಾ ಸಂಶೋಧನಾಲಯ, ಅಂದರೆ ಓರಿಯಂಟಲ್ ರಿಸರ್ಚ್ ಇನ್‌ಸ್ಟಿಟ್ಯೂಟ್. ಸಿಕ್ಕು ಇರುವುದು ನಡುವೆ: ಸರ್ಕಾರದ ಗ್ರಂಥಾಲಯವಾಗಿದ್ದದ್ದು ವಿಶ್ವವಿದ್ಯಾಲಯದ್ದಾಗಿ, ಆಮೇಲೆ ಗ್ರಂಥಾಲಯವೆಂಬ ಹೆಸರನ್ನೇ ಕಳಚಿಕೊಂಡ ಕಾಲ.

ಮೊದಲು ಎಲ್ಲರಂತೆ ಕಡತದ ಬೆನ್ನು ಹತ್ತಿದೆ. ಒಂದು ಕಚೇರಿಯಲ್ಲಿ ಅರ್ಜಿ ತಿಂಗಳುಗಟ್ಟಲೆ ಅಲೆಯಿತು. ಕೊನೆಗೆ ಸಿಕ್ಕಿದ್ದು ಸುಣ್ಣಬಣ್ಣದ ಬಿಲ್ಲುಗಳ ನಕಲು. ನಕಲಿನ ಶುಲ್ಕ, ಬಸ್ಸಿನ ಖರ್ಚು ಸೇರಿ ನಾಲ್ಕೈದು ಸಾವಿರ ಹೋಯಿತು. ಜೂಬಿಲಿ ಕಟ್ಟಡದ್ದೆಂದು ಒಬ್ಬ ವ್ಯಾಪಾರಿ ಎರಡೂವರೆ ಸಾವಿರಕ್ಕೆ ಕಳುಹಿಸಿದ ಹಳೆಯ ಚಿತ್ರದಲ್ಲಿ ಇದ್ದದ್ದು ಊರಿನ ಬೇರೆಯೇ ಕಟ್ಟಡ. ಹಣ ವಾಪಸು ಬರಲಿಲ್ಲ.

ಆಮೇಲೆ ಹಳೆಯ ಪುಸ್ತಕಗಳಿಗೆ ಕೈಹಾಕಿದೆ. ಬೆಂಗಳೂರಿನ ಅವೆನ್ಯೂ ರಸ್ತೆಯ ಅಂಗಡಿಗಳಲ್ಲಿ, ತೀರಿಕೊಂಡ ಮೇಷ್ಟರುಗಳ ಮನೆಯ ಅಟ್ಟದಲ್ಲಿ, ಅಂತರ್ಜಾಲದ ಸ್ಕ್ಯಾನ್ ಪ್ರತಿಗಳಲ್ಲಿ ಈ ಲೈಬ್ರರಿಯ ಪ್ರಕಟಣೆಗಳನ್ನೂ ಅದರ ಮೊಹರು ಬಿದ್ದ ಪುಸ್ತಕಗಳನ್ನೂ ಹುಡುಕಿದೆ. ಕೊಂಡದ್ದಕ್ಕೆ ಎಂಟು ಹತ್ತು ಸಾವಿರ ಆಗಿರಬಹುದು. ಪ್ರತಿ ಪುಸ್ತಕದಿಂದ ಮೂರೇ ಸಂಗತಿ ಬರೆದುಕೊಂಡೆ: ಶೀರ್ಷಿಕೆ ಪುಟದಲ್ಲಿ ಸಂಸ್ಥೆಯ ಹೆಸರು, ಮೊಹರಿನ ಬರಹ, ಪರಿಗ್ರಹಣ ಸಂಖ್ಯೆ (ಪುಸ್ತಕ ಲೈಬ್ರರಿಗೆ ಸೇರಿದಾಗ ಬೀಳುವ ಕ್ರಮಸಂಖ್ಯೆ). ಇವುಗಳಲ್ಲಿ ಪರಿಗ್ರಹಣ ಸಂಖ್ಯೆಯೇ ನಿಜವಾದ ಚಿನ್ನ. ಅದು ಹಿಂದಕ್ಕೆ ಹೋಗುವುದಿಲ್ಲ. ಹತ್ತಿರದ ಸಂಖ್ಯೆಗಳಲ್ಲಿ ಒಂದಕ್ಕೆ ದಿನಾಂಕ ಸಿಕ್ಕರೆ ಅಕ್ಕಪಕ್ಕದ ಮೊಹರುಗಳಿಗೂ ಕಾಲ ಸಿಕ್ಕಂತೆ.

ಕೌಟಿಲ್ಯನ ಅರ್ಥಶಾಸ್ತ್ರವೇ ಒಳ್ಳೆಯ ಉದಾಹರಣೆ. ತಂಜಾವೂರು ಸೀಮೆಯ ಪಂಡಿತರೊಬ್ಬರು 1905ರಲ್ಲಿ ಕೊಟ್ಟ, ಗ್ರಂಥ ಲಿಪಿಯ (ತಮಿಳು ಸೀಮೆಯಲ್ಲಿ ಸಂಸ್ಕೃತ ಬರೆಯುತ್ತಿದ್ದ ಲಿಪಿ) ಓಲೆಗರಿ ಪ್ರತಿಯನ್ನು ಆರ್. ಶಾಮಶಾಸ್ತ್ರಿಗಳು ಗುರುತಿಸಿದ್ದು ಈ ಲೈಬ್ರರಿಯಲ್ಲಿ. ಅವರ ಸಂಸ್ಕೃತ ಆವೃತ್ತಿ 1909ರದು, ಇಂಗ್ಲಿಷ್ ಅನುವಾದ 1915ರದು. ಎರಡೂ ಸರ್ಕಾರಿ ಲೈಬ್ರರಿಯ ಮಾಲೆಯವು. ಮೈಸೂರು ವಿಶ್ವವಿದ್ಯಾಲಯ ಹುಟ್ಟಿದ್ದು 1916ರಲ್ಲಿ. ಲೈಬ್ರರಿ ಅದರ ಮಡಿಲಿಗೆ ಬಂತು. ಮುಂದಿನ ಪ್ರಕಟಣೆಗಳು ವಿಶ್ವವಿದ್ಯಾಲಯದ ಹೆಸರಿನಲ್ಲಿ ಬಂದವು. 1943ರಲ್ಲಿ ಓರಿಯಂಟಲ್ ರಿಸರ್ಚ್ ಇನ್‌ಸ್ಟಿಟ್ಯೂಟ್ ಎಂಬ ಹೆಸರು. ಒಂದು ಎಚ್ಚರಿಕೆ: ಶೀರ್ಷಿಕೆ ಪುಟವನ್ನು ಮಾತ್ರ ನಂಬಬಾರದು. ಆಡಳಿತ ಬದಲಾಗುವ ಹೊತ್ತಿಗೆ ಅಚ್ಚಿನಲ್ಲಿರುವ ಪುಸ್ತಕ ಹಳೆಯ ಹೆಸರಿನಲ್ಲೇ ಹೊರಬರಬಹುದು. ಹಳೆಯ ರಬ್ಬರ್ ಮೊಹರು ಸವೆಯುವವರೆಗೂ ಮೇಜಿನ ಮೇಲೆ ಇರುತ್ತದೆ. ಮೂರೂ ಸಾಕ್ಷ್ಯ ಕೂಡಿದಾಗ ಮಾತ್ರ ಪಟ್ಟಿಗೆ ಸೇರಿಸಿದೆ. ಹೀಗಾಗಿಯೇ ನನ್ನ ಪಟ್ಟಿ ಗಟ್ಟಿಯಾಗಿದೆ.

ಮಾಸಿದ ಮೊಹರುಗಳಿಗೆ ದುಬಾರಿ ಕ್ಯಾಮೆರಾ ಬೇಡ. ಮೊಬೈಲಿನಲ್ಲಿ ತೆಗೆದ ಚಿತ್ರದ ಕೆಂಪು ಬಣ್ಣದ ಪದರವನ್ನಷ್ಟೇ (ರೆಡ್ ಚಾನೆಲ್) ಉಳಿಸಿಕೊಂಡರೆ ಹಳದಿಗಟ್ಟಿದ ಕಾಗದ ಬೆಳ್ಳಗಾಗಿ ನೀಲಿ ಶಾಯಿ ಕಪ್ಪಾಗಿ ಮೇಲೆದ್ದು ಬರುತ್ತದೆ. ಕೆಂಪು ಶಾಯಿಯ ಮೊಹರಿಗೆ ಇದು ನಡೆಯದು. ಅದಕ್ಕೆ ನಾನು ಬೇರೆ ದಾರಿ ಕಂಡುಕೊಂಡಿದ್ದೇನೆ; ಸದ್ಯಕ್ಕೆ ಅದು ನನ್ನಲ್ಲೇ ಇರಲಿ. ಒಂದೇ ಬರಹದ ಎರಡು ಮೊಹರುಗಳಲ್ಲಿ ಯಾವುದು ಮೊದಲಿನದೆಂದು ತಿಳಿಯುವ ಅಳತೆಯೂ ಅಷ್ಟೇ.

ಈ ನಡುವೆ ಓಲೆಗರಿಯ ಕಡೆಗೂ ಮನಸ್ಸು ಹೊರಳಿತು. ಓಲೆಗರಿಗಳಿಗೆ ಸಿಟ್ರೊನೆಲ್ಲಾ ಎಣ್ಣೆ (ಒಂದು ಬಗೆಯ ಹುಲ್ಲಿನಿಂದ ತೆಗೆದ ಘಾಟು ಎಣ್ಣೆ) ಸವರುವುದು ಈ ಸಂಸ್ಥೆಯಲ್ಲಿ ರೂಢಿ. ಮನೆಯಲ್ಲಿ ಬರಹವಿಲ್ಲದ ಗರಿಗಳನ್ನು ಎರಡು ಕಟ್ಟು ಮಾಡಿ ಒಂದಕ್ಕೆ ಮಾತ್ರ ಎಣ್ಣೆ ಸವರಿಟ್ಟೆ. ಮಳೆಗಾಲ ಮುಗಿಯುವಾಗ ಎಣ್ಣೆ ಕಾಣದ ಕಟ್ಟಿಗೆ ಹುಳು ಬಿದ್ದಿತ್ತು. ಇನ್ನೊಂದು ಬಾಗಿದರೂ ಮುರಿಯದಷ್ಟು ಮೆದುವಾಗಿತ್ತು. ಕಟ್ಟಡದ ಚರಿತ್ರೆಗೂ ಇದಕ್ಕೂ ನೇರ ನಂಟಿಲ್ಲ, ಆದರೆ ಆ ಗೋಡೆಗಳೊಳಗೆ ದಿನವೂ ನಡೆದ ಕೆಲಸ ಏನೆಂದು ಕೈಗೆ ತಿಳಿಯಿತು.

ಈಗ 1966ಕ್ಕೆ ಬಂದಿದ್ದೇನೆ. ಆ ವರ್ಷ ಸಂಶೋಧನಾಲಯದ ಕನ್ನಡ ವಿಭಾಗ ವಿಶ್ವವಿದ್ಯಾಲಯದ ಆವರಣವಾದ ಮಾನಸಗಂಗೋತ್ರಿಯ ಕನ್ನಡ ಅಧ್ಯಯನ ಸಂಸ್ಥೆಗೆ ಹೋಯಿತು. ಹಾಗೆ ಮನೆ ಬದಲಿಸಿದ ಪುಸ್ತಕಗಳಲ್ಲಿ ಎರಡೆರಡು ಮೊಹರು, ಎರಡೆರಡು ಸಂಖ್ಯೆ ಇರಬೇಕು. ಅಂಥ ಪುಸ್ತಕ ಯಾರ ಬಳಿಯಾದರೂ ಇದ್ದರೆ ಮೊಹರಿನ ಪುಟದ ಚಿತ್ರವನ್ನು ಪಕ್ಕದಲ್ಲೊಂದು ಅಳತೆಪಟ್ಟಿ ಇಟ್ಟು ತೆಗೆಯಿರಿ. ಅಳತೆಯಿಲ್ಲದ ಚಿತ್ರ ನನಗೆ ಕೆಲಸಕ್ಕೆ ಬಾರದು.