ಚರಗ ಚೆಲ್ಲಿದ ಮೇಲೆ ಹೊಲದಲ್ಲೇ ಉಳಿಯಿರಿ: ದುರ್ಬೀನಿನಲ್ಲಿ ಚುಕ್ಕಿಗಳ ಊರು ಹುಡುಕುವ ಬಗೆ

ಎಳ್ಳ ಅಮಾವಾಸ್ಯೆಯ ದಿನ ಯಲಬುರ್ಗಾ, ಕುಷ್ಟಗಿ ಕಡೆಯ ಎರೆಹೊಲಗಳಲ್ಲಿ ಚರಗ ಚೆಲ್ಲಿ, ಸಜ್ಜೆ ರೊಟ್ಟಿ, ಪುಂಡಿಪಲ್ಯ, ಶೇಂಗಾ ಹೋಳಿಗೆ ಉಂಡು, ಹೊತ್ತು ಇಳಿಯುವ ಮೊದಲೇ ಬಂಡಿ, ಟ್ರ್ಯಾಕ್ಟರು ಊರ ಕಡೆ ತಿರುಗುತ್ತವೆ. ಆಕಾಶ ನೋಡುವವರ ಲೆಕ್ಕದಲ್ಲಿ ಇದು ಹೋಳಿಗೆ ಬಡಿಸುವ ಹೊತ್ತಿಗೆ ಎಲೆ ಬಿಟ್ಟು ಎದ್ದಂತೆ. ಚಂದ್ರನಿಲ್ಲದ ರಾತ್ರಿ, ಮೋಡ ಕಡಿಮೆಯಿರುವ ಚಳಿಗಾಲ, ಬೀದಿದೀಪವಿಲ್ಲದ ಹೊಲ, ಮೂರೂ ಒಟ್ಟಿಗೆ ಕೂಡಿಬಂದಿರುತ್ತವೆ. ಇನ್ನು ನಾಲ್ಕು ತಾಸು ಅಲ್ಲೇ ಉಳಿದರೆ ಚಾರ್ಲ್ಸ್ ಮೆಸಿಯೆ ಪಟ್ಟಿಯ ನಾಲ್ಕು ಹೆಸರು ನಿಮ್ಮ ಲೆಕ್ಕಕ್ಕೆ ಸೇರುತ್ತವೆ.

ಈ ಮೆಸಿಯೆ ಪ್ಯಾರಿಸ್ಸಿನವ, ಧೂಮಕೇತು ಹುಡುಕುವುದೇ ಅವನ ಹುಚ್ಚು. 1758ರಲ್ಲಿ ವೃಷಭ ರಾಶಿಯಲ್ಲಿ ಮಸುಕಾದದ್ದೊಂದು ಕಂಡಿತು. ಧೂಮಕೇತುವಾಗಿದ್ದರೆ ದಿನದಿಂದ ದಿನಕ್ಕೆ ಜಾಗ ಬದಲಿಸಬೇಕು, ಇದು ಅಲುಗಲಿಲ್ಲ. ಮತ್ತೆ ಮೋಸಹೋಗಬಾರದೆಂದು ಇಂಥವುಗಳಿಗೆ ನಂಬರು ಕೊಡುತ್ತ ಹೋದ. ಆ ನಂಬರಿನ ಮುಂದೆ ಹಾಕುವ 'ಎಂ' ಅವನ ಹೆಸರಿನದೇ. 1781ರ ಹೊತ್ತಿಗೆ 103 ಆದವು, ಈಗ 110 ಎಂದು ಎಣಿಸುತ್ತಾರೆ. ಬೇಡದವುಗಳ ಪಟ್ಟಿಯೇ ಅವನ ಹೆಸರನ್ನು ಉಳಿಸಿತು. ಅವನು ಕಂಡುಹಿಡಿದ ಧೂಮಕೇತುಗಳನ್ನು ಈಗ ಕೇಳುವವರು ಕಡಿಮೆ.

ಮೊದಲು ದುರ್ಬೀನು

ದೂರದರ್ಶಕ ಬೇಡ. 10x50 ಅಥವಾ 7x50 ಎಂದು ಬರೆದಿರುವ ದುರ್ಬೀನು ಸಾಕು. ಮೊದಲನೆಯ ಅಂಕಿ ಎಷ್ಟು ಪಟ್ಟು ದೊಡ್ಡದಾಗಿ ತೋರಿಸುತ್ತದೆ ಎಂಬುದು, ಎರಡನೆಯದು ಮುಂದಿನ ಗಾಜಿನ ಅಗಲ, ಮಿಲಿಮೀಟರಿನಲ್ಲಿ. ನಮಗೆ ಮುಖ್ಯ ಎರಡನೆಯದು. ಕತ್ತಲಲ್ಲಿ ಕಣ್ಣಿನ ಪಾಪೆ ಅರಳುವುದು ಹೆಚ್ಚೆಂದರೆ 7 ಮಿ.ಮೀ. ಆಸುಪಾಸು, 50 ಮಿ.ಮೀ. ಗಾಜು ಅದರ ಸುಮಾರು 50 ಪಟ್ಟು ಬೆಳಕು ಹಿಡಿಯುತ್ತದೆ. ನಾನು ಮೊದಲು ಕೊಂಡದ್ದು ಒಂದು ಜಾತ್ರೆಯಲ್ಲಿ, 'ನೂರು ಪಟ್ಟು' ಎಂದು ಮೇಲೆ ಬರೆದಿದ್ದ ಅಂಗೈಯಗಲದ್ದು. ಅದರಲ್ಲಿ ಕಂಡದ್ದು ನನ್ನ ರೆಪ್ಪೆಗೂದಲು ಮಾತ್ರ.

ಹೊತ್ತು ಮುಳುಗುವ ಮೊದಲೇ, ದೂರದ ಮರವೊಂದನ್ನು ಹಿಡಿದು ಫೋಕಸ್ ಸರಿ ಮಾಡಿಕೊಳ್ಳಿ. ಬಲಗಣ್ಣು ಮುಚ್ಚಿ, ನಡುವಿನ ಚಕ್ರ ತಿರುಗಿಸಿ ಎಡಗಣ್ಣಿಗೆ ಸ್ಪಷ್ಟ ಮಾಡಿ. ಆಮೇಲೆ ಎಡಗಣ್ಣು ಮುಚ್ಚಿ, ಬಲಗಡೆಯ ಬಳೆಯನ್ನಷ್ಟೇ ತಿರುಗಿಸಿ. ಕತ್ತಲಾದ ಮೇಲೆ ಒಂದು ಚುಕ್ಕಿ ಹಿಡಿದು ಚಕ್ರವನ್ನು ಇನ್ನೊಂಚೂರು ತಿದ್ದಿದರೆ ಆಯಿತು.

ಹೊರಸು, ಕೌದಿ, ಕೆಂಪು ಕಾಗದ

ನಿಂತು ನೋಡಿದರೆ ಕೈ ನಡುಗುತ್ತದೆ, ಕೈಯೊಂದಿಗೆ ಆಕಾಶವೂ ನಡುಗುತ್ತದೆ. ಹೊರಸಿನ ಮೇಲೆ ಅಂಗಾತ ಮಲಗಿ, ಮೊಳಕೈ ಎದೆಗೆ ಆನಿಸಿಕೊಳ್ಳಿ. ಕೌದಿ ಮರೆಯಬೇಡಿ, ಎರೆಹೊಲದ ಚಳಿ ನೆಲದಿಂದ ಏಳುತ್ತದೆ. ಬ್ಯಾಟರಿಯ ಬಾಯಿಗೆ ಕೆಂಪು ಬಣ್ಣದ ಕಾಗದ ಸುತ್ತಿ. ಕಣ್ಣು ಕತ್ತಲಿಗೆ ಒಗ್ಗಲು 20ರಿಂದ 30 ನಿಮಿಷ ಬೇಕು, ಕೆಡಲು ಒಂದು ಸಲ ಮೊಬೈಲ್ ನೋಡಿದರೆ ಸಾಕು. ಹಂದಿ ಕಾಯುವವರು ಪಕ್ಕದ ಹೊಲದಲ್ಲಿದ್ದರೆ ಮೊದಲೇ ಹೇಳಿಬನ್ನಿ. ಇಲ್ಲವಾದರೆ ಅವರ ದೊಡ್ಡ ಬ್ಯಾಟರಿಯ ಬೆಳಕು ನೇರ ನಿಮ್ಮ ಮುಖಕ್ಕೇ ಬೀಳುತ್ತದೆ.

ಏಳೂವರೆಗೆ: ಎಂ31

ಪಡುವಣಕ್ಕೆ ಇಳಿಯುತ್ತಿರುವುದನ್ನು ಮೊದಲು ಹಿಡಿಯಬೇಕು. ಉತ್ತರಕ್ಕೆ ಮುಖ ಮಾಡಿದರೆ ಐದು ಚುಕ್ಕಿಗಳು ಇಂಗ್ಲಿಷಿನ ಎಂ ಅಕ್ಷರದಂತೆ ಕಾಣುತ್ತವೆ. ಅದರ ಎರಡು ತುದಿಗಳಲ್ಲಿ ಎಡಗಡೆಯದು ಹೆಚ್ಚು ಚೂಪು, ಬಾಣದಂತೆ ಮೇಲಕ್ಕೆ ತೋರಿಸುತ್ತದೆ. ಕೈ ಪೂರ್ತಿ ಚಾಚಿ ಮುಷ್ಟಿ ಹಿಡಿದರೆ ಅದರ ಅಗಲ ಸುಮಾರು 10 ಡಿಗ್ರಿ. ಬಾಣದ ದಾರಿಯಲ್ಲಿ, ಧ್ರುವ ನಕ್ಷತ್ರದಿಂದ ದೂರ ಸರಿಯುತ್ತ, ಒಂದೂವರೆ ಮುಷ್ಟಿ ಹೋಗಿ.

ಅಲ್ಲಿ ಉದ್ದನೆಯ ಮಬ್ಬೊಂದು ಸಿಗುತ್ತದೆ. ದುರ್ಬೀನು ಕೊಟ್ಟಾಗ ನಮ್ಮ ಬದುವಿನ ಕಾಕಾ ಅಂದದ್ದು ಇಷ್ಟು: "ಏನೈತೋ ತಮ್ಮಾ, ಅರಳಿ ಎಳಿ ಸಿಕ್ಕೊಂಡಂಗ ಐತಿ." ಇದಕ್ಕಿಂತ ಒಳ್ಳೆಯ ವರ್ಣನೆ ನನಗೆ ಸಿಕ್ಕಿಲ್ಲ. ಆ ಅರಳೆಯ ಎಳೆಯೇ ಆಂಡ್ರೊಮೀಡಾ ಗ್ಯಾಲಕ್ಸಿ. ಅಲ್ಲಿಂದ ಬೆಳಕು ಹೊರಟು ಸುಮಾರು 25 ಲಕ್ಷ ವರ್ಷ ಆಯಿತು. ಕಾಣದಿದ್ದರೆ ನೇರ ದಿಟ್ಟಿಸಬೇಡಿ, ಓರೆಗಣ್ಣಿನಲ್ಲಿ ನೋಡಿ. ಮಂದ ಬೆಳಕು ಹಿಡಿಯುವ ಕೋಶಗಳು ಕಣ್ಣಿನ ನಟ್ಟನಡುವೆ ಇಲ್ಲ, ಅದರ ಸುತ್ತ ಇವೆ.

ನೆತ್ತಿಯ ಮೇಲೆ ಕೃತ್ತಿಕೆ

ಒಂಬತ್ತರ ಹೊತ್ತಿಗೆ ಕೃತ್ತಿಕೆ ನೆತ್ತಿಗೆ ಬರುತ್ತದೆ. ಷಣ್ಮುಖನಿಗೆ ಹಾಲೂಡಿಸಿದ ಆರು ತಾಯಂದಿರು, ಸಂಡೂರಿನ ಕುಮಾರಸ್ವಾಮಿಗೆ ನಡೆದುಕೊಳ್ಳುವವರಿಗೆ ಹೊಸದಾಗಿ ಹೇಳಬೇಕಿಲ್ಲ. ಬರಿಗಣ್ಣಿಗೆ ಆರೋ ಏಳೋ, ದುರ್ಬೀನಿನಲ್ಲಿ ಹತ್ತಾರು. ಪಟ್ಟಿಯಲ್ಲಿ ಇದು ಎಂ45. ಇದನ್ನು ಧೂಮಕೇತುವೆಂದು ಯಾರೂ ತಪ್ಪು ತಿಳಿಯಲಾರರು. ಆದರೂ 1769ರ ಮಾರ್ಚ್ 4ರ ಒಂದೇ ರಾತ್ರಿ ಮೆಸಿಯೆ ಎಂ42ರಿಂದ ಎಂ45ರ ತನಕ ನಾಲ್ಕನ್ನು ಅಳೆದು ಸೇರಿಸಿದ. ಲೆಕ್ಕ ತುಂಬಿಸಲು ಹಾಗೆ ಮಾಡಿದನೆಂದು ನನ್ನ ಗುಮಾನಿ.

ಮೂರು ಚುಕ್ಕಿಯ ಪಕ್ಕ

ಅದೇ ರಾತ್ರಿಯ ಇನ್ನೊಂದು ಎಂ42. ಆಗ್ನೇಯಕ್ಕೆ ಒಂದೇ ಸಾಲಿನ ಮೂರು ಚುಕ್ಕಿ ಎಲ್ಲರಿಗೂ ಗೊತ್ತು. ಅವುಗಳ ಬಲಕ್ಕೆ, ತುಸು ಕೆಳಗೆ ಮಸುಕಾದ ಚಿಕ್ಕ ಸಾಲಿದೆ. ಅದರ ನಡುವಿನದು ಚುಕ್ಕಿಯಲ್ಲ, ಸುಮಾರು 1,300 ಜ್ಯೋತಿರ್ವರ್ಷ ದೂರದ ಅನಿಲದ ಮೋಡ. ಅದರೊಳಗೆ ಈಗಲೂ ನಕ್ಷತ್ರಗಳು ಹುಟ್ಟುತ್ತಿವೆ. ಫೋಟೊದ ಗುಲಾಬಿ ಬಣ್ಣ ನಿರೀಕ್ಷಿಸಬೇಡಿ, ಕಣ್ಣಿಗೆ ಬೂದಿಬಣ್ಣವೇ. ಇಲ್ಲಿ ಹತ್ತು ನಿಮಿಷ ನಿಲ್ಲಿ. ಮೊದಲ ನಿಮಿಷದಲ್ಲಿ ಬರಿಯ ಮಬ್ಬು, ಐದನೆಯದಕ್ಕೆ ರೆಕ್ಕೆ ಬಿಚ್ಚಿದಂತಾಗುತ್ತದೆ.

ಹತ್ತೂವರೆಗೆ ಪೂರ್ವದಲ್ಲಿ ಪುಷ್ಯ ಮೇಲೇರಿರುತ್ತದೆ. ಪುಷ್ಯ ಮಳೆಗೆ ಕಾಯುವ ರೈತರು ಆ ದಿನಗಳಲ್ಲಿ ಪುಷ್ಯವನ್ನು ನೋಡಲಾಗದು, ಆಗ ಅದು ಸೂರ್ಯನ ಜೊತೆ ಹಗಲಲ್ಲಿರುತ್ತದೆ. ಅದರ ನಡುವಿನ ಗೊಂಚಲು ಎಂ44, ದುರ್ಬೀನಿನಲ್ಲಿ ಸಜ್ಜೆ ಕಾಳು ಚೆಲ್ಲಿದಂತೆ.

ನೋಡಿದ್ದನ್ನೆಲ್ಲ ನೋಟ್‌ಬುಕ್ಕಿನಲ್ಲಿ ಬಿಡಿಸಿಡಿ. ಹಾಳೆಯ ಮೇಲೆ ಬಳೆ ಇಟ್ಟು ಗೆರೆ ಎಳೆದರೆ ದುರ್ಬೀನಿನ ಕಣ್ಣು ಸಿದ್ಧ. ತಾರೀಖು, ತಾಸು ಬರೆಯಿರಿ.

ಒಂದು ಹಾಳೆ ಮೇ ತಿಂಗಳಿಗೆ ಖಾಲಿ ಬಿಡಿ. ಮೇ ಮೂರನೆಯ ವಾರದ ಹೊತ್ತಿಗೆ, ರಾತ್ರಿ ಹತ್ತರ ಸುಮಾರಿಗೆ ನೇರ ದಕ್ಷಿಣಕ್ಕೆ, ನೆಲದಿಂದ ಮೂರು ಮುಷ್ಟಿಗೆ ತುಸು ಕಡಿಮೆ ಎತ್ತರದಲ್ಲಿ ಉಣ್ಣೆಯ ಉಂಡೆಯಂಥದ್ದು ಕಾಣುತ್ತದೆ. ಒಮೆಗಾ ಸೆಂಟಾರಿ, ಹತ್ತಿರ ಹತ್ತಿರ ಒಂದು ಕೋಟಿ ನಕ್ಷತ್ರಗಳ ಗುಂಪು. ಅದು ಪ್ಯಾರಿಸ್ಸಿನ ಆಕಾಶದಲ್ಲಿ ಹುಟ್ಟುವುದೇ ಇಲ್ಲ, ಹಾಗಾಗಿ ಮೆಸಿಯೆ ಪಟ್ಟಿಯಲ್ಲೂ ಇಲ್ಲ. ನಿಮ್ಮ ಹಾಳೆಯ ಮೇಲೆ ಎಂ ಎಂದು ಹಾಕಬೇಡಿ. ಎನ್‌ಜಿಸಿ ಎಂಬ ಇನ್ನೊಂದು ದೊಡ್ಡ ಪಟ್ಟಿಯ ನಂಬರು ಹಾಕಿ, ಎನ್‌ಜಿಸಿ 5139 ಎಂದು ಬರೆದುಕೊಳ್ಳಿ.