ವಯಸ್ಸಿನ ಲೆಕ್ಕ: ತಾಯಿಗೂ ಮಗಳಿಗೂ 3 ವರ್ಷ ಬಂದಾಗ

ಲೆಕ್ಕ ಇದು: 3 ವರ್ಷಗಳ ಹಿಂದೆ ತಾಯಿಯ ವಯಸ್ಸು ಮಗಳ ವಯಸ್ಸಿನ 5 ಪಟ್ಟು ಇತ್ತು. ಇನ್ನು 6 ವರ್ಷಗಳಾದ ಮೇಲೆ 3 ಪಟ್ಟು ಆಗುತ್ತದೆ. ಈಗಿನ ವಯಸ್ಸೆಷ್ಟು?

ಮಕ್ಕಳ ಉತ್ತರ ಹೀಗೆ ಬರುತ್ತಿತ್ತು: ಇಬ್ಬರಿಗೂ 3, ಇಲ್ಲವೇ ತಾಯಿಗೆ 18, ಮಗಳಿಗೆ 6. ಮೊದಲನೆಯದರಲ್ಲಿ 6 ವರ್ಷವನ್ನು ತಾಯಿಗಷ್ಟೇ ಕೂಡಿಸಲಾಗಿದೆ. ಎರಡನೆಯದರಲ್ಲಿ 3(ಮ + 6) ಎಂಬುದರ ಆವರಣ ಬಿಟ್ಟುಹೋಗಿದೆ (ಮ ಎಂದರೆ ಮಗಳ ಈಗಿನ ವಯಸ್ಸು). ಎರಡೂ ಮೊದಲ ಷರತ್ತಿಗೆ ಸರಿಹೊಂದುವುದರಿಂದ ತಪ್ಪು ಕಣ್ಣಿಗೆ ಬೀಳುವುದಿಲ್ಲ.

ಸೂತ್ರ ಬಾಯಿಪಾಠ ಮಾಡಿಸಿದ್ದು ಕೈಕೊಟ್ಟಿತು. 'ಹಿಂದೆ', 'ನಂತರ' ಪದಗಳಿಗೆ ಗೆರೆ ಎಳೆಸಿದರೂ ಅಷ್ಟೇ.

ಫಲಿಸಿದ್ದು ಕೋಷ್ಟಕ. ಸಮೀಕರಣಕ್ಕೆ ಮೊದಲೇ ಅದು ತುಂಬಿರಬೇಕು, ಈ ಕ್ರಮ ಮುಖ್ಯ. ಅಡ್ಡಸಾಲು ಮೂರು: ಹಿಂದೆ, ಈಗ, ಮುಂದೆ. ಕಂಬಸಾಲು ಎರಡು: ಮಗಳು, ತಾಯಿ. ಅಜ್ಞಾತವನ್ನು 'ಈಗ' ಸಾಲಿನಲ್ಲಿ ಇಡಬೇಡಿ. ಅತಿ ಹಿಂದಿನ ಸಾಲಿನಲ್ಲಿ ಇಡಿ. ಅಲ್ಲಿ ಮಗಳು ಕ, ತಾಯಿ 5ಕ. ಕೆಳಗಿಳಿದಂತೆ ಎರಡೂ ಕಂಬಸಾಲಿಗೆ ಮೊದಲು 3, ಆಮೇಲೆ 6 ಕೂಡಿಸಿ. ಕೊನೆಯ ಸಾಲು: ಕ + 9, 5ಕ + 9. ಕಳೆಯುವ ಗೊಡವೆಯೇ ಇಲ್ಲ.

5ಕ + 9 = 3(ಕ + 9), ಆದ್ದರಿಂದ ಕ = 9. ಈಗ ಮಗಳಿಗೆ 12, ತಾಯಿಗೆ 48.

ತಾಳೆಗೆ ವ್ಯತ್ಯಾಸ ನೋಡಿ: 45 − 9 = 36, 54 − 18 = 36. ಎರಡು ಷರತ್ತುಗಳನ್ನೂ ಪ್ರತ್ಯೇಕವಾಗಿ ಪರೀಕ್ಷಿಸಿ.